ಅಡಿ

ಕೊತ್ತತ್ತಿ ಆಸ್ಪತ್ರೆಯ ಡ್ರೆಸಿಂಗ್ ಕೋಣೆಗೆ
ಮೊದಲು ಬಂದದ್ದು ವಾಸನೆ, ಆಮೇಲೆ ಮಾಯಿಗಯ್ಯ.
ನೆನೆದ ಗೋಣಿಯದೋ, ಹಳಸಿದ ಗಂಜಿಯದೋ.
ಹನ್ನೊಂದು ವರ್ಷದಿಂದ ಕಾಲು ತೊಳೆಯುವ ನನಗೆ
ನಾಲೆ ಬದಿಯವರ ವಾಸನೆ ಮೂಗಿಗಿಂತ ಕೈಗೇ ಗೊತ್ತು.

ನೀರುಗಂಟಿ. ನಾಟಿಯ ತಿಂಗಳು.
ಇರುಳೆಲ್ಲ ಮಂಡಿಮಟ್ಟ ನೀರಲ್ಲಿ ನಿಂತು
ಒಬ್ಬರ ಮಡೆ ಕಟ್ಟಿ ಇನ್ನೊಬ್ಬರ ಮಡೆ ಬಿಚ್ಚುವವನು.
"ಏನೂ ಇಲ್ಲ ಸಿಸ್ಟರಮ್ಮಾ, ಮೂರು ದಾರಿ ಕೂಡೋ ತಾವ
ಯಾರೋ ಇಳಿ ತೆಗೆದು ಎಸೆದಿದ್ ನಿಂಬೆಹಣ್ ತುಳಿದ್ಬುಟ್ಟೆ,
ಅದ್ಕೇ ಇಂಗೆ ಊದ್ಕಂಡದೆ."

ನಿಂಬೆಹಣ್ಣಿನ ಮೇಲೆ ನನ್ನದೇನೂ ತಕರಾರಿಲ್ಲ.
ಎಡಗಾಲು ಬೇಸಿನ್ನಿಗೆ ಇಳಿಸಿಕೊಂಡೆ.
ಕಿರುಬೆರಳ ಸಂದಿನಲ್ಲಿ ಬೆಳ್ಳಗೆ ನೆಂದು ಬಿರಿದ ತೊಗಲು,
ಒಂದು ಭತ್ತದ ಕಾಳು ತೂರುವಷ್ಟು ಬಾಯಿ.
ಅಷ್ಟು ಸಾಕು.
ಬದುವಿನಲ್ಲಿ ಏಡಿ ಕೊರೆದ ತೂತಿನಿಂದ
ಇಡೀ ಗದ್ದೆಯ ನೀರು ರಾತ್ರೋರಾತ್ರಿ ಇಳಿದುಹೋಗುವುದನ್ನು
ಇವನಿಗೆ ಹೇಳಿಕೊಡಬೇಕೇ?
ಇಲ್ಲಿ ಹೊರಗೆ ಹೋಗುವುದಿಲ್ಲ, ಅಷ್ಟೇ;
ಕಣ್ಣಿಗೆ ಕಾಣದ್ದು ಒಳಗೆ ಬರುತ್ತದೆ,
ಬಂದು ಮೀನಖಂಡದವರೆಗೆ ಕೆಂಪಗೆ ಹರಡಿಕೊಂಡಿದೆ.
ಮುಟ್ಟಿದರೆ ಬಾಣಲೆ.

ಅಂಗಾಲು ತಿರುಗಿಸಿದೆ. ಹಿಮ್ಮಡಿಯ ತುಂಬ ಗುಳಿ ಗುಳಿ,
ಕೋಳಿ ಕುಕ್ಕಿದ ಹಾಗೆ.
"ಬೂಟು ಕೊಟ್ಟಿಲ್ಲವಾ ನಿಮಗೆ?"
"ಕೊಟ್ಟವ್ರೆ. ಎಡಗಾಲಿಂದ್ರಲ್ಲಿ ಕೋಳಿ ಕಾವ್ಗೆ ಕುಂತದೆ."
ನಾನು ನಗಲಿಲ್ಲ. ನಗಬಹುದಿತ್ತು ಅನಿಸಿತು ಆಮೇಲೆ.

ಬಾಲ್‌ಪೆನ್ನು ತೆಗೆದೆ. ಕೆಂಪು ಎಲ್ಲಿ ಮುಗಿಯುತ್ತದೋ ಅಲ್ಲಿ,
ಮೊಣಕಾಲಿಗೆ ಒಂದು ಗೇಣು ಕೆಳಗೆ, ಸುತ್ತ ಗೆರೆ ಎಳೆದೆ.
"ಇದನ್ನು ದಾಟಿದರೆ ಒಂದು ನಿಮಿಷ ಕಾಯಬೇಡ.
ರಾತ್ರಿಯೋ ಹಗಲೋ, ಮಂಡ್ಯದ ದೊಡ್ಡಾಸ್ಪತ್ರೆ."
ಇಂಜೆಕ್ಷನ್ನು, ಮಾತ್ರೆ, ಕಾಲಡಿಗೆ ಎರಡು ದಿಂಬು.
ದಿಂಬು ಎಂದಾಗ ಕಿಟಕಿಯಾಚೆ ನೋಡಿದ.
ಗೆರೆಯನ್ನು ಮಾತ್ರ ಬಹಳ ಹೊತ್ತು,
ತೂಬಿನ ಪಕ್ಕದ ಅಳತೆಗಲ್ಲು ನೋಡುವಂತೆ.

ನಮ್ಮ ಸೀಮೆಯಲ್ಲಿ ಬೆಳಗ್ಗೆ ಎದ್ದು ಮೊದಲು ಕೇಳುವುದು
ಕಟ್ಟೆಯಲ್ಲಿ ಎಷ್ಟು ಅಡಿ.
ಹೋಟೆಲಿನಲ್ಲಿ, ಕ್ಷೌರದಂಗಡಿಯಲ್ಲಿ, ಹೆಣದ ಮುಂದೆ ಕೂಡ.
ನೂರಾ ಹದಿನೇಳು ಎಂದರೆ ಮುಖ ಅರಳುತ್ತದೆ.
ಏರಲಿ ಏರಲಿ ಎಂದು ಬೇಡುವ ಊರಲ್ಲಿ
ಒಬ್ಬ ಮಾತ್ರ ಟಾರ್ಚು ಬಿಟ್ಟುಕೊಂಡು
ಇಳಿಯಲಿ ಎನ್ನುತ್ತ ಏರಿಯ ಮೇಲೆ ಕೂತಿದ್ದ.

ಮಾರನೆಯ ದಿನ ಬರಲಿಲ್ಲ.
ಆಮೇಲಿನ ದಿನ ಅವನ ಹೆಂಡತಿ ಸಣ್ಣಮಂಚಿ
ಗೂಡ್ಸ್ ಆಟೋದಲ್ಲಿ ಹೊಟ್ಟಿನ ಚೀಲದ ಮೇಲೆ ಮಲಗಿಸಿಕೊಂಡು ಬಂದಳು.
ಪಂಚೆ ಎತ್ತಿದರೆ ನನ್ನ ಗೆರೆಯ ಮೇಲೆ ಇನ್ನೂ ಮೂರು ಗೆರೆ,
ಮೊಮ್ಮಗಳ ಹಸಿರು ಸ್ಕೆಚ್ ಪೆನ್ನಿನಲ್ಲಿ.
ಒಂದೊಂದರ ಪಕ್ಕ ಗಂಟೆ ಬರೆದಿದ್ದ:
ಹತ್ತು. ಒಂದೂವರೆ. ನಾಕು.
ನಾಕರದ್ದು ಮೊಣಕಾಲ ಚಿಪ್ಪಿನ ಮೇಲೆ.

"ದಾಟಿದಾಗಲೇ ಹೋಗು ಎಂದಿರಲಿಲ್ಲವಾ?"
ಹಲ್ಲು ಕಟಕಟ ನಡುಗುತ್ತಿದ್ದವು. ಆದರೂ ಹೇಳಿದ:
"ಕೊನೆ ಬಯಲಿನ ಸರದಿ ಸಿಸ್ಟರಮ್ಮಾ ನೆನ್ನೆ ರಾತ್ರಿ.
ಹದಿನೆಂಟು ದಿನಕ್ಕೊಂದ್ಸಲ ಅವ್ರಿಗೆ.
ನಾನ್ ಎದ್ದು ಹೋದ್ರೆ ಮೇಲ್ನೋರು ನೀರ್ ಬಿಟ್ಟಾರಾ?"
ಬೈಗುಳ ಬಾಯಿಗೆ ಬಂತು, ನುಂಗಿದೆ.
ಆಂಬುಲೆನ್ಸಿಗೆ ಫೋನು ಮಾಡಿದೆ.

ಒಂಬತ್ತು ದಿನ ಅಲ್ಲಿದ್ದ.
ತಿರುಗಿ ಬಂದಾಗ ಕಾಲು ಇತ್ತು.
ಅದನ್ನೇ ಮೊದಲು ನೋಡಿದ್ದು ನಾನು, ಮುಖವನ್ನಲ್ಲ.
ಊತ ಬತ್ತಿ ಚರ್ಮ ಹಾಳೆ ಹಾಳೆಯಾಗಿ ಏಳುತ್ತಿತ್ತು,
ನೀರು ನಿಲ್ಲಿಸಿದ ನಾಲೆಯ ತಳದ ರೇವೆಯ ಹಾಗೆ.
ಬೆರಳ ಸಂದುಗಳನ್ನು ಒಣಬಟ್ಟೆಯಲ್ಲಿ
ಒಂದೊಂದಾಗಿ ಒರೆಸುವುದು ತೋರಿಸಿಕೊಟ್ಟೆ.
ಅರವತ್ತರ ಮುದುಕ, ಕಾಲು ಹಿಂದಕ್ಕೆಳೆದುಕೊಂಡು ನಾಚಿದ.

ಹಸಿರು ಗೆರೆಗಳು ಹೋಗಿದ್ದವು.
ನನ್ನ ನೀಲಿಯದು ಇತ್ತು.
ಮಾಸಿದ್ದನ್ನು ಯಾರೋ ಮತ್ತೆ ಮೇಲಿಂದ ತಿದ್ದಿದ ಹಾಗಿತ್ತು.
ನಾನು ಕೇಳಲಿಲ್ಲ.

"ಬೂಟು?" ಅಂದೆ.
"ಇನ್ನ ಆರ್ ದಿನ ಸಿಸ್ಟರಮ್ಮಾ," ಅಂದ,
"ಮರಿ ಆಗ್ಲಿ."