ತಾಗಿತು

ನಲವತ್ತೆರಡು ಹೊಡೆತಕ್ಕೆ ನಲವತ್ತೆರಡು ಹೆಸರು, ಶುಕ್ರವಾರದೊಳಗೆ.
ಲಿವೊರ್ನೊದ ಹಳೆ ಕಾಲುವೆಯ ದಂಡೆ, ಟೈರಿನಂಗಡಿಯ ಮೇಲಣ ಕೋಣೆ,
ನಾವು ಏಳು ಜನ, ಒಂದು ಫ್ಯಾನು,
ಚಳಿಗಾಲಕ್ಕೆ ಮುಂಚೆ ಮಾರಾಟವಾಗಲೇಬೇಕಾದ ಒಂದು ಆಟ.
ನನ್ನ ಪಾಲಿಗೆ ಬಂದದ್ದು ಪದಗಳು.

ಕಡಿ, ಕೊಚ್ಚು, ತರಿ, ಸಿಗಿ, ಸೀಳು, ಸವರು:
ಆರಕ್ಕೇ ಅಡುಗೆಮನೆ ಮುಗಿಯಿತು.
ಆಮೇಲೆ ಆಕಾಶಕ್ಕೆ ಕೈಹಾಕಿದೆ.
ಸಿಡಿಲಸೀಳು, ಸುಳಿಗಾಳಿ, ಗಿಡುಗನೆರಗು, ರಕ್ತಚಂದ್ರ.
ಒಂದೊಂದರ ಮುಂದೆ ಒಂದು ಅಂಕಿ. ನೂರಿಪ್ಪತ್ತು, ಇನ್ನೂರ ಹತ್ತು,
ರಕ್ತಚಂದ್ರಕ್ಕೆ ಮುನ್ನೂರ ನಲವತ್ತು,
ಪೆಟ್ಟು ತಿಂದವನ ತಲೆಯ ಮೇಲೆ ಕೆಂಪಗೆ ಹಾರಿ ಆರುವ ಅಂಕಿ.
ಮೂವತ್ತೊಂದಕ್ಕೆ ಬಾಯಿ ಬತ್ತಿತು.

ಆ ಮುದುಕನ್ನ ಕೇಳು, ಅಂದ ಇವಾನೊ,
ಮೀನುಪೇಟೆಯ ಹಿಂದೆ, ಮೂರನೆಯ ಮಹಡಿ, ಅದೆಲ್ಮೊ ಬಾರ್ಸಾಂಟಿ.

ಉದ್ದನೆಯ ಕೋಣೆ. ಟಾಲ್ಕಂ ಪುಡಿ, ತುಕ್ಕು, ಒದ್ದೆ ಕ್ಯಾನ್ವಾಸಿನ ವಾಸನೆ.
ಗೋಡೆಯಲ್ಲಿ ನೇತಾಡುವ ಜಾಲರಿ ಮುಖಗಳು,
ಒಂದರ ಕೆನ್ನೆ ತಗ್ಗಿದೆ.
ಬಲಮೊಣಕಾಲಿಗೆ ಪಟ್ಟಿ ಸುತ್ತಿಕೊಂಡು ನನ್ನ ಪಟ್ಟಿ ಓದಿದರು,
ಕನ್ನಡಕ ಹಣೆಗೇರಿಸಿ, ಔಷಧಿ ಚೀಟಿ ಓದುವ ಹಾಗೆ.
"ಚೆನ್ನಾಗಿದೆ. ಆದರೆ ಇದೆಲ್ಲ ಒಬ್ಬನೇ ಆಡೋ ಮಾತು.
ಎದುರಿನವನು ಏನಂತಾನೆ?"

ಏನೂ ಅನ್ನಲ್ಲ, ಮಾಯೆಸ್ತ್ರೊ. ಬೀಳ್ತಾನೆ.

ಕತ್ತಿಗಳೆಲ್ಲ ಮಕ್ಕಳ ಕೈಯಲ್ಲಿದ್ದವು;
ಬಾಗಿಲ ಹಿಂದಿನ ಛತ್ರಿ ಹಿಡಿದು ಬಂದರು.
ತೋಳನ್ನು ಹೊರಕ್ಕೆ ಸರಿಸಿ, ಎದೆಯನ್ನು ಕದದಂತೆ ತೆರೆದು ನಿಂತರು.
"ಇದು ಆಮಂತ್ರಣ. ಮೊದಲ ಪಾಠ. ಇದಕ್ಕೆಷ್ಟು ಅಂಕಿ ಕೊಡ್ತೀ?"

ಹೀಗೆ ಉದುರಿದವು ಪದಗಳು, ಛತ್ರಿಯ ತುದಿಯಿಂದ.
ಅಲಗು ಅಲಗನ್ನು ಹಿಡಿದು ನಿಲ್ಲಿಸಿದರೆ ಕಟ್ಟು.
ಕಟ್ಟಿನಡಿಯಿಂದ ಮೊನೆ ನುಸುಳಿದರೆ ಕೀಳು,
ಹಲ್ಲು ಕಿತ್ತಂತಲ್ಲ, ಮುಳ್ಳು ಕಿತ್ತಂತೆ, ಮೆಲ್ಲಗೆ.
ತಡೆದವನು ತಿರುಗಿ ಕೊಟ್ಟರೆ ಉತ್ತರ,
ಉತ್ತರಕ್ಕೆ ಉತ್ತರ, ಅದಕ್ಕೂ ಇನ್ನೊಂದು,
ಎಲ್ಲ ಸೇರಿದರೆ ವಾಕ್ಯ.
ಹೌದು, ವಾಕ್ಯವೆಂದೇ ಹೆಸರು. ಒಬ್ಬನಿಂದ ಮುಗಿಯುವುದಲ್ಲ ಅದು.

ಮೇಲಿಂದ ಸೀಳುವ ಹೊಡೆತ ಇಲ್ಲವೇ ಅಂದೆ, ಶುಕ್ರವಾರ ನೆನಪಾಗಿ.
"ಇದೆ. ಸೀಳು ಅಂತಲೇ ಅದರ ಹೆಸರು.
ಸೀಳೋದನ್ನ ಇನ್ನೇನಂತಾರೆ?"

ಆಗ ಆಚೆ ತುದಿಯಲ್ಲಿ ಬಿಳಿಬಟ್ಟೆಯ ಹುಡುಗಿಯೊಬ್ಬಳು,
ಹತ್ತೋ ಹನ್ನೊಂದೋ,
ತಟ್ಟನೆ ನಿಂತು ಎಡಗೈ ಎತ್ತಿದಳು.
ದೀಪ ಹೊತ್ತಿರಲಿಲ್ಲ, ಗಂಟೆ ಹೊಡೆದಿರಲಿಲ್ಲ, ಯಾರೂ ನೋಡಿರಲಿಲ್ಲ.
ತಾಗಿತು, ಅಂದಳು.

"ಇಲ್ಲಿ ನಾನು ವೈರು ಹಾಕಿಸಿಲ್ಲ," ಅಂದರು ಬಾರ್ಸಾಂಟಿ.
"ಆ ಪದ ಹೊಡೆಸಿಕೊಂಡವರದು. ಅವರೇ ಹೇಳಬೇಕು."

ಮೆಟ್ಟಿಲಿಳಿಯುತ್ತ ನೆನಪಾದಳು ಅಕ್ಕ ಬೆನೆದೆತ್ತಾ,
ಅವಳು ಊಟದ ಮೇಜಿನಲ್ಲಿ ಅಂದ ಒಂದು ಮಾತು,
ನಾನು ನಗುತ್ತ ರೊಟ್ಟಿ ಮುರಿದದ್ದು,
ಆಮೇಲಿನ ನಾಲ್ಕು ವರ್ಷ.

ನಲವತ್ತೆರಡೂ ತುಂಬಿದವು. ಸುಳ್ಳೇಕೆ,
ರಕ್ತಚಂದ್ರ ಉಳಿಯಿತು. ಇವಾನೊಗೆ ಅದೇ ಇಷ್ಟ.
ನಲವತ್ತಮೂರನೆಯದೊಂದನ್ನು ನಾನೇ ಸೇರಿಸಿದೆ;
ಆ ಹುಡುಗಿ ಬಂದು, ಮೈತುಂಬ ಬಿಳಿಚುಕ್ಕಿ ಅಂಟಿಸಿಕೊಂಡು,
ಕೈ ಎತ್ತಿ ಕೊಟ್ಟು ಹೋದಳು.
ಸಭೆಯಲ್ಲಿ ಕೇಳಿದರು: ಇದರಿಂದ ಆಡುವವನಿಗೆ ಸಿಗುವುದೇನು?
ಪಟ್ಟಿಯಿಂದ ಅಳಿಸಿದರು. ಕೀಲಿಯಿಂದ ಅಳಿಸಲು ಮರೆತರು.

ನಿನ್ನೆ ರಾತ್ರಿ, ಟೈರಿನಂಗಡಿ ಮುಚ್ಚಿದ ಮೇಲೆ, ಒತ್ತಿ ನೋಡಿದೆ.
ಉಕ್ಕಿನ ಕವಚದ ನನ್ನ ಯೋಧ ಕತ್ತಿ ಇಳಿಸಿದ,
ಹತ್ತು ವರ್ಷದ ಹುಡುಗಿಯ ಎಡಗೈ ಎತ್ತಿದ.

ಎದುರಿನವನಿಗೆ ಆ ಪದ ಯಾರೂ ಕಲಿಸಿರಲಿಲ್ಲ.
ಮುನ್ನೂರ ನಲವತ್ತು.
ಮುನ್ನೂರ ನಲವತ್ತು.
ಕೈ ಇನ್ನೂ ಮೇಲೇ ಇತ್ತು.