ಖಾಲಿ ತೂಕ

ಮುಧೋಳ ರಸ್ತೆಯ ಸಕ್ಕರಿ ಕಾರ್ಖಾನಿ ಗೇಟಿನ್ಯಾಗ
ಹದಿನೆಂಟು ಹಂಗಾಮು ಕಾಟಾ ನೋಡಿಕೊಂಡಾಂವ ನಾ.
ಗಾಡಿ ಏರತೈತಿ, ಅಂಕಿ ಬರತೈತಿ,
ಕಬ್ಬು ಇಳಿಸಿ ಮತ್ತ ಏರತೈತಿ,
ದೊಡ್ಡದರಾಗ ಸಣ್ಣದು ಕಳದು ಚೀಟಿ ಹರದು ಕೊಡೂದು.
ಇಷ್ಟ ಕೆಲಸ.

ಒಂದು ವರ್ಷ ಎಳ್ಳಮಾಸಿ ಥಂಡಿಯೊಳಗ
ತಾರಾಬಾಯಿ ಕೌಜಲಗಿ ಬಂದ್ರು,
ಜಮಖಂಡಿ ಕಾಲೇಜಿನ್ಯಾಗ ತತ್ವಶಾಸ್ತ್ರ ಕಲಿಸಿದವರು,
ಕೊರಳಾಗ ಹಸರ ಮಫ್ಲರು, ಬಗಲಾಗ ನೋಟಬುಕ್ಕು.
ಖಿಡಕಿ ಹೊರಗ ನಿಂತು ಕೇಳಿದ್ರು:
"ಎತ್ತು ಎಲ್ಲಿ ಬರಕೋತೀರಿ?"

"ಎತ್ತು ಬರಕೊಳ್ಳೂದಿಲ್ರಿ ಮೇಡಂ,
ಎತ್ತು ಕಳಿಯೂದು."

ನಗತಾರ ಅನಕೊಂಡಿದ್ದೆ. ನಗಲಿಲ್ಲ.
ಬರಕೊಂಡ್ರು.

ಆಮ್ಯಾಲೆ ದಿನಾ ಬಂದ್ರು. ಹೆಗಲ ಹುಣ್ಣು ಎಣಿಸಿದ್ರು,
ಸಾಲಿನ್ಯಾಗ ನೀರಿಲ್ಲದ ನಿಂತ ತಾಸು ಎಣಿಸಿದ್ರು.
ವಾರ್ಷಿಕ ಸಭಾದಾಗ ಶೇರುದಾರರ ನಡುವ ಎದ್ದು
"ನೋವು ಯಾರದರ ಇರವಲ್ದ್ಯಾಕ,
ಲೆಕ್ಕದಾಗ ಅದಕ್ಕೊಂದು ಕಾಲಂ ಬೇಕು" ಅಂದ್ರು.
ಹಿಂದಿನ ಸಾಲಿಂದ ಯಾವನೋ "ಅಂಬಾ" ಅಂದ.
ಪೆಂಡಾಲ ಹಾರಿಹೋಗೂ ಹಂಗ ನಕ್ರು.
ನಗಿ ಮುಗಿಯೂತನಕ ನಿಂತಿದ್ದು
"ಅಧ್ಯಕ್ಷರ, ಆ ಸದಸ್ಯರ ಮಾತೂ
ಠರಾವಿನ್ಯಾಗ ದಾಖಲಾಗಲಿ" ಅಂದ್ರು.

ನಾಕು ಹಂಗಾಮಿಗೆ ಒಂದು ನೀರಿನ ಬಾನಿ ಆತು.
ಹೇರಿಗೆ ಮಿತಿ ಆತು, ಬೋರ್ಡಿನ ಮ್ಯಾಲೆ.

ಆದರ ಒಂದು ರಾತ್ರಿ, ಬೀಡ ಕಡೆಯ ದಗಡೂ,
ಒಡಕು ಕನ್ನಡದಾಗ:
"ಬಾಯಿ, ಎತ್ತಿಗಿ ಕಮ್ಮಿ ಹೇರಿದ್ರ ನನಗ ಒಂದು ಖೇಪು ಜಾಸ್ತಿ.
ನನ್ನ ಹೇಣ್ತಿ ಏಳು ತಿಂಗಳ ಬಸರಿ,
ತಲಿಮ್ಯಾಲೆ ಕಬ್ಬಿನ ಹೊರಿ ಹೊತ್ತು ಹಲಗಿ ಏರತಾಳ.
ಆಕೀನ ಯಾವ ಕಾಟಾಮ್ಯಾಲೆ ನಿಂದ್ರಸ್ತಿ?"

ಮೇಡಂ ಬಾಯಿ ತೆರದ್ರು, ಮುಚ್ಚಿದ್ರು.
ರವದಿ ಬೆಂಕಿ ಮುಂದ ಭಾಳೊತ್ತು ಕುಂತಿದ್ರು.
ಹಿಂದ ನಿಂತ ಪಾಖರ್ಯಾ ಅನ್ನೂ ಎತ್ತು
ಮಫ್ಲರಿನ ತುದಿ ಜಗಿಯಾಕ ಹತ್ತಿತ್ತು.
ಬಿಡಿಸಿಕೊಳ್ಳಲಿಲ್ಲ.

ಮರುದಿನದ ಹಾಳಿಮ್ಯಾಲೆ ಒಂದ ಹೆಸರಿತ್ತು: ರಖಮಾ.
ಅದರ ಮುಂದ ಏನೂ ಇರಲಿಲ್ಲ.

ಮೇಡಂ ಬರೂದು ನಿಂತು ಮೂರು ವರ್ಷಾತು.
ನೋಟಬುಕ್ಕು ಯಾರ ಕಡೆ ಐತೋ.
ಈಗ ಕಾಟಾ ಕಂಪ್ಯೂಟರಿಂದು,
ಕೆಂಪು ಅಂಕಿ ತಟಕ್ಕನ ನಿಂದ್ರೂದಿಲ್ಲ.
ಎತ್ತು ಉಸರಾಡತಾವ, ಕಾಲು ಬದಲಸತಾವ,
ಹತ್ತು ಕಿಲೋ ಏರತೈತಿ, ಹತ್ತು ಕಿಲೋ ಇಳೀತೈತಿ.
"ಲಗೂನ ಒತ್ತೋ ಮಾರಾಯಾ" ಅಂತ
ಹಿಂದಿನ ಟ್ರ್ಯಾಕ್ಟರಿನವರು ಹಾರ್ನ್ ಹೊಡೀತಾರ.

ನಾ ಬಟನ್ ಮ್ಯಾಲೆ ಬಟ್ಟಿಟ್ಟು
ಸುಮ್ನ ನೋಡತೇನಿ.