ಮಡಿಕೆಯಲ್ಲಿ ಸವೆದ ಹೆಸರು

ಎಚಿಜೆನ್ ಸೀಮೆಯ ಕಾಗದದ ಹಳ್ಳಿಯಲ್ಲಿ
ನೀರು ಕೊರೆಯುವಷ್ಟು ತಣ್ಣಗಿದ್ದರೇ ಹಾಳೆ ಬಿಳಿ.
ಅದಕ್ಕೇ ಓತಾಕಿಯ ಕೈ ಚಳಿಗಾಲವಿಡೀ ಕೆಂಪು.

ಹನ್ನೊಜೋ ಬಂದದ್ದು ಒಂದು ರಾತ್ರಿಯ ಮಟ್ಟಿಗೆ.
ಹಿಮ ದಾರಿ ಮುಚ್ಚಿದೆ ಎಂದ.
ಹಿಮ ಕರಗಿತು; ಜರಡಿಗೆ ಬಿದಿರು ಸೀಳಿಕೊಡುತ್ತೇನೆ ಎಂದ.
ಈಗ ಗದ್ದೆಯಲ್ಲಿ ಕಪ್ಪೆ ಕೂಗುತ್ತಿವೆ,
ಹೊಸ ನೆಪ ಸಿಕ್ಕಿಲ್ಲ.

ಸೊಂಟದಲ್ಲಿ ಎರಡು ಕತ್ತಿ.
ಅವಕ್ಕಿಂತ ಭಾರ, ಎದೆಗವಚಿದ ಒಂದು ಹಾಳೆ:
ಅಪ್ಪನನ್ನು ಕೊಂದವನನ್ನು ಕಂಡಲ್ಲಿ ಕೊಲ್ಲಬಹುದು,
ಕೊಲ್ಲದೆ ಊರಿಗೆ ಮರಳಕೂಡದು;
ಕೆಳಗೆ ಒಡೆಯನ ಕೆಂಪು ಮುದ್ರೆ.
ಗೋ ಆಟದ ಮಣೆಯ ಮೇಲೆ ಎದ್ದ ಜಗಳ,
ಒಂದು ಕರಿಕಲ್ಲಿಗಾಗಿ.
ಆಗ ಅವನಿಗೆ ಹತ್ತೊಂಬತ್ತು.
ಉಂಡ ಅಕ್ಕಿಯ ಋಣ ಹದಿಮೂರು ವರ್ಷ ನಡೆಸಿತು.
ಹುಲ್ಲಿನ ಚಪ್ಪಲಿ ಎಷ್ಟು ಸವೆದವೋ, ಲೆಕ್ಕ ಇಟ್ಟವರಿಲ್ಲ.
ಕ್ಯೋತೋದ ಛತ್ರಕ್ಕೆ ಪ್ರತಿ ಹೊಸವರ್ಷ ಅವ್ವನ ಓಲೆ,
ಒಂದೇ ಪದ: ಆಯಿತೆ?
ಹೋದ ವರ್ಷ ಓಲೆ ಇರಲಿಲ್ಲ.
ಕೇಳುವವಳೇ ಇಲ್ಲದ ಪ್ರಶ್ನೆ
ಇನ್ನೂ ಜೋರಾಗಿ ಕೇಳಿಸುತ್ತದೆ.

ಹಾಳೆ ಅವನ ಬೆವರು ಕುಡಿದು
ಮಡಿಕೆ ಮಡಿಕೆಯಲ್ಲೂ ಬಿರಿದಿತ್ತು.
“ಕುಂಬಾರನ ಮನೆಯಲ್ಲಿ ಒಡಕು ಗಡಿಗೆಯೆ?
ಕೊಡಿ ಇಲ್ಲಿ” ಎಂದಳು ಓತಾಕಿ.
ಅನ್ನದ ಗಂಜಿ, ಜಿಂಕೆಗೂದಲ ಕುಂಚ.
ಬೆನ್ನಿಗೆ ಹೊಸ ಹಾಳೆ ಕೊಟ್ಟಳು,
ಕಡುಚಳಿಯಲ್ಲಿ ಎತ್ತಿದ್ದು, ಮಾರದೆ ಇಟ್ಟುಕೊಂಡದ್ದು.
ಮುದ್ರೆ ಕೂಡಿತು. ಅಪ್ಪನ ಹೆಸರು ಕೂಡಿತು.
ಎರಡು ಮಡಿಕೆ ಸೇರುವ ಕಡೆ ಮಾತ್ರ ತೂತು,
ಮೂರು ಅಕ್ಷರದಷ್ಟು.
ಕೊಲ್ಲಬೇಕಾದವನು ಅಲ್ಲಿದ್ದ.

ಅವಳಿಗೆ ಓದು ಬಾರದೆಂದೇ ತಿಳಿದಿದ್ದ.
“ಇಲ್ಲಿ ಬಿಳಿ ಉಳಿಯಿತು” ಎಂದಳು, ಮುಖ ನೋಡದೆ,
“ಹೆಸರು ನಿಮಗೆ ಬಾಯಿಪಾಠ. ಬರೆದುಕೊಳ್ಳಿ.
ನನ್ನ ಕಾಗದ, ಎಷ್ಟು ಮಸಿ ಬಿದ್ದರೂ ತಡೆಯುತ್ತದೆ.
ನಾನು ತಡೆಯುವುದಿಲ್ಲ.”

ಯಾವ ಅರ್ಥದಲ್ಲಿ ಎಂದು ಅವನು ಕೇಳಬಹುದಿತ್ತು.
ಅವಳು ಎದ್ದು ಹೋಗಿದ್ದಳು.

ಮಸಿ ತೇದ.
ಹದಿಮೂರು ವರ್ಷ ಜಪಿಸಿದ ಹೆಸರು, ಮರೆಯುವುದುಂಟೆ?
ಕುಂಚದ ತುದಿಯಲ್ಲಿ ಹನಿ ಕೂತು
ದಪ್ಪಗಾಯಿತು.
ಹೊರಗೆ ನಾರು ಜಜ್ಜುವ ಕೊಡತಿ
ಒಮ್ಮೆ ನಿಂತು, ಮತ್ತೆ ಶುರುವಾಯಿತು.

ತೇದ ಮಸಿ ಕಲ್ಲಿನ ಮೇಲೇ ಒಣಗಿತು.
ಇನ್ನಷ್ಟು ನೀರು ಹಾಕಿದ,
ಮತ್ತೆ ತೇಯತೊಡಗಿದ.